ಓದುಗರ ಪ್ರಶ್ನೆ: ಮಾಯಾ ನಗರಕ್ಕೆ ಒಂದು ದಿನ, ಸೆನೋಟೆಯಲ್ಲಿ ಒಂದು ಮುಳುಗು

ಮೆಕ್ಸಿಕೋದ ಯುಕಟಾನ್ ಪರ್ಯಾಯ ದ್ವೀಪದ ಬಗ್ಗೆ ಕಳೆದ ಸಂಚಿಕೆಯಲ್ಲಿ ಪ್ರಕಟವಾದ ಸಣ್ಣ ಟಿಪ್ಪಣಿಗೆ ಮುಂಬಯಿ, ಪುಣೆ ಮತ್ತು ಗೋವೆಯ ಕನ್ನಡಿಗರಿಂದ ಸಾಕಷ್ಟು ಪತ್ರಗಳು ಬಂದಿವೆ. ಬರೆದವರಲ್ಲಿ ಹೆಚ್ಚಿನವರು ಅಮೆರಿಕದಲ್ಲಿರುವ ಮಕ್ಕಳ ಮನೆಗೆ ಹೋದಾಗ ಅಲ್ಲಿಂದ ಕಾನ್ಕುನ್‌ಗೆ ಹೋಗಿ, ಒಂದು ದಿನ ಮಾರ್ಗದರ್ಶಿಯೊಂದಿಗೆ ಅಲ್ಲಿನ ಮೂಲನಿವಾಸಿಗಳಾದ ಮಾಯಾ ಜನರ ಪ್ರಾಚೀನ ನಗರ ಚಿಚೆನ್ ಇಟ್ಜಾವನ್ನೂ, ಸೆನೋಟೆ ಎಂದು ಕರೆಯುವ ನೆಲದಾಳದ ಸಿಹಿನೀರಿನ ಕೊಳಗಳನ್ನೂ ನೋಡಿಬರುವ ಆಲೋಚನೆಯಲ್ಲಿರುವವರು. ಒಂದೇ ಬಗೆಯ ಪ್ರಶ್ನೆಗಳನ್ನು ಒಟ್ಟುಗೂಡಿಸಿ ಇಲ್ಲಿ ಉತ್ತರಿಸಿದ್ದೇನೆ.

ಪ್ರಶ್ನೆ: ಡಿಸೆಂಬರ್ ಕೊನೆಯಲ್ಲಿ ಮಗಳ ಕುಟುಂಬದೊಂದಿಗೆ ಕಾನ್ಕುನ್‌ನಲ್ಲಿ ಇರುತ್ತೇವೆ. ಒಂದು ಪ್ರವಾಸ ಸಂಸ್ಥೆ ಚಿಚೆನ್ ಇಟ್ಜಾ, ಒಂದು ಸೆನೋಟೆ ಮತ್ತು ವಾಯಾದೊಲಿದ್ ಪಟ್ಟಣವನ್ನು ಒಂದು ದಿನದಲ್ಲಿ ತೋರಿಸುತ್ತದೆಯಂತೆ. ಇನ್ನೊಂದು ಸಂಸ್ಥೆ ಹೆಚ್ಚುಕಡಿಮೆ ಅದೇ ದರಕ್ಕೆ ಟುಲುಮ್ ಮತ್ತು ಕೋಬಾವನ್ನೂ ಸೇರಿಸುತ್ತದೆ. ಯಾವುದು ಲಾಭದಾಯಕ? (ಮಾತುಂಗ)

ಉತ್ತರ: ಕಡಿಮೆ ಜಾಗ ತೋರಿಸುವುದನ್ನೇ ಆರಿಸಿಕೊಳ್ಳಿ. ಸಾಧ್ಯವಾದರೆ ವಾಯಾದೊಲಿದ್ ನಿಲುಗಡೆಯನ್ನೂ ಮೊಟಕುಗೊಳಿಸಿ ಆ ಸಮಯವನ್ನು ಅವಶೇಷಗಳಿಗೆ ಕೊಡುವ ಪ್ರವಾಸವನ್ನು ಹುಡುಕಿ. ಕಾನ್ಕುನ್‌ನಿಂದ ಚಿಚೆನ್ ಇಟ್ಜಾಕ್ಕೆ ಸುಮಾರು 200 ಕಿಲೋಮೀಟರ್ ದೂರವಿದೆ. ಹೋಗಲು ಎರಡೂವರೆ ಗಂಟೆ, ಬರಲು ಅಷ್ಟೇ ಹೊತ್ತು ಬೇಕು, ಅದರ ಮೇಲೆ ಬಸ್ಸು ಹೋಟೆಲಿನಿಂದ ಹೋಟೆಲಿಗೆ ಸುತ್ತಿ ಜನರನ್ನು ಹತ್ತಿಸಿಕೊಳ್ಳುವ ವೇಳೆ ಬೇರೆ. ಇದರ ನಡುವೆ ಮೂರು ಪ್ರಾಚೀನ ನಗರಗಳನ್ನು ತುರುಕಿದರೆ ನಿಮಗೆ ದಕ್ಕುವುದು ಬಸ್ಸಿನ ಕಿಟಕಿ ಮತ್ತು ಟಿಕೆಟ್ ಸಾಲು ಮಾತ್ರ.

ಹಣ ಕಟ್ಟುವ ಮೊದಲು ಸಂಸ್ಥೆಯವರನ್ನು ಕೇಳಬೇಕಾದದ್ದು ಊಟದಲ್ಲಿ ಏನಿರುತ್ತದೆ ಎಂಬುದಲ್ಲ, ಆವರಣದೊಳಗೆ ಎಷ್ಟು ಹೊತ್ತು ಬಿಡುತ್ತಾರೆ ಎಂಬುದು. ಎರಡೂವರೆ ಗಂಟೆಗಿಂತ ಕಡಿಮೆ ಎಂದರೆ ಬೇರೆಯವರನ್ನು ವಿಚಾರಿಸಿ. ಬಾಗಿಲು ಬೆಳಿಗ್ಗೆ 8ಕ್ಕೆ ತೆರೆಯುತ್ತದೆ. ಹತ್ತೂವರೆ, ಹನ್ನೊಂದರ ಹೊತ್ತಿಗೆ ದೊಡ್ಡ ಬಸ್ಸುಗಳೆಲ್ಲ ಒಟ್ಟಿಗೆ ಬಂದು ಸೇರುತ್ತವೆ, ಬಿಸಿಲೂ ಏರುತ್ತದೆ, ಮುಖ್ಯ ಬಯಲಿನಲ್ಲಿ ನೆರಳಿಲ್ಲ. ಆದ್ದರಿಂದ ನಸುಕಿನಲ್ಲಿ ಹೊರಡುವ ಪ್ರವಾಸಕ್ಕೆ ಸ್ವಲ್ಪ ಹೆಚ್ಚು ಕೊಟ್ಟರೂ ನಷ್ಟವಿಲ್ಲ. ಪ್ರವೇಶ ಶುಲ್ಕ ಎರಡು ಭಾಗಗಳಲ್ಲಿ ಇರುತ್ತದೆ, ಒಂದು ಕೇಂದ್ರ ಸರ್ಕಾರದ ಪುರಾತತ್ವ ಸಂಸ್ಥೆಯದು, ಇನ್ನೊಂದು ಯುಕಟಾನ್ ರಾಜ್ಯದ್ದು. ಎರಡೂ ಸೇರಿ ವಿದೇಶಿಯರಿಗೆ ಈಗ 600 ಪೆಸೊ ಮೀರುತ್ತದೆ. ಅಗ್ಗವೆಂದು ಕಾಣುವ ಹಲವು ಪ್ರವಾಸಗಳಲ್ಲಿ ಈ ಹಣ ಸೇರಿರುವುದಿಲ್ಲ. ಮಾರ್ಗದರ್ಶಿಗೆ ಸರ್ಕಾರಿ ಪರವಾನಗಿಯ ಗುರುತುಚೀಟಿ ಇದೆಯೇ, ದಾರಿಯಲ್ಲಿ ಕರಕುಶಲ ಅಂಗಡಿಯ ನಿಲುಗಡೆ ಎಷ್ಟು ಹೊತ್ತು ಎಂಬುದನ್ನೂ ಕೇಳಿ. ಒಂದು ಮುಖ್ಯ ವಿಷಯ ನೆನಪಿರಲಿ: ಕಾನ್ಕುನ್ ಇರುವ ಕಿಂತಾನಾ ರೋ ರಾಜ್ಯದ ಗಡಿಯಾರ, ಚಿಚೆನ್ ಇಟ್ಜಾ ಇರುವ ಯುಕಟಾನ್ ರಾಜ್ಯದ ಗಡಿಯಾರಕ್ಕಿಂತ ಒಂದು ಗಂಟೆ ಮುಂದಿದೆ. ಬಸ್ಸಿಗೆ ಮರಳುವ ಸಮಯವನ್ನು ಮಾರ್ಗದರ್ಶಿ ಯಾವ ಗಡಿಯಾರದ ಪ್ರಕಾರ ಹೇಳುತ್ತಿದ್ದಾರೆ ಎಂದು ಖಚಿತಪಡಿಸಿಕೊಳ್ಳಿ.

ಒಳಗೆ ಹೋದ ಮೇಲೆ ಸಾಮಾನ್ಯವಾಗಿ ಮಾರ್ಗದರ್ಶಿ ಒಂದು ಗಂಟೆ ವಿವರಿಸಿ, ಉಳಿದ ಹೊತ್ತನ್ನು ನಿಮಗೆ ಬಿಟ್ಟುಕೊಡುತ್ತಾರೆ. ಆ ಒಂದು ಗಂಟೆ ಕುಕುಲ್ಕಾನ್ ಎಂಬ ಹಾವುದೇವರ ಪಿರಮಿಡ್ಡಿನ ಸುತ್ತಲೇ ಕಳೆಯುತ್ತದೆ, ಮತ್ತು ಅದು ತಪ್ಪಲ್ಲ. ಗುಡಿಯೂ ಸೇರಿ ಸುಮಾರು 30 ಮೀಟರ್ ಎತ್ತರದ ಈ ಕಟ್ಟಡಕ್ಕೆ ಪ್ರತಿ ಬದಿಯಲ್ಲಿ 91 ಮೆಟ್ಟಿಲು, ನಾಲ್ಕೂ ಬದಿ ಸೇರಿ 364, ಮೇಲಿನ ಗುಡಿಯ ಜಗತಿಯನ್ನು ಕೂಡಿಸಿದರೆ 365. ಮಾಯಾ ಜನರ ಸೌರವರ್ಷ 20 ದಿನಗಳ 18 ತಿಂಗಳು ಮತ್ತು ಅಶುಭವೆಂದು ಎಣಿಸುತ್ತಿದ್ದ 5 ದಿನಗಳಿಂದ ಕೂಡಿದ್ದು. ಇದರ ಜೊತೆಗೆ 260 ದಿನಗಳ ಧಾರ್ಮಿಕ ಪಂಚಾಂಗವೊಂದು ಓಡುತ್ತಿತ್ತು, ಎರಡೂ ಪುನಃ ಒಂದೇ ಬಿಂದುವಿನಲ್ಲಿ ಕೂಡಲು 52 ವರ್ಷ ಬೇಕಾಗುತ್ತಿತ್ತು. ಪಿರಮಿಡ್ಡಿನ ಪ್ರತಿ ಮುಖದಲ್ಲಿ 52 ಕಲ್ಲಿನ ಅಂಕಣಗಳಿರುವುದನ್ನು ಈ ಲೆಕ್ಕದೊಂದಿಗೆ ಜೋಡಿಸಿ ವಿವರಿಸುತ್ತಾರೆ. ತಿಥಿ, ನಕ್ಷತ್ರ, ಸಂವತ್ಸರಗಳ ಚಕ್ರದೊಳಗೆ ಚಕ್ರ ಎಣಿಸಿ ಬೆಳೆದ ನಮಗೆ ಈ ವಿವರಣೆ ಬೇಗ ಹಿಡಿಯುತ್ತದೆ. ಚಿಚೆನ್ ಇಟ್ಜಾದ ಶಾಸನಗಳಲ್ಲಿ ಬಹುಪಾಲು ಒಂಬತ್ತನೆಯ ಶತಮಾನದವು. ಎಂದರೆ ನಮ್ಮಲ್ಲಿ ಮಾನ್ಯಖೇಟದಿಂದ ನೃಪತುಂಗ ಆಳುತ್ತಿದ್ದ ಕಾಲ.

ಪಿರಮಿಡ್ಡಿನ ನಂತರ ಚೆಂಡಾಟದ ಅಂಕಣಕ್ಕೆ ಹೋಗಿ. 168 ಮೀಟರ್ ಉದ್ದ, 70 ಮೀಟರ್ ಅಗಲದ ಈ ಅಂಕಣ ಮಧ್ಯ ಅಮೆರಿಕದ ಪ್ರಾಚೀನ ಅಂಕಣಗಳಲ್ಲೇ ಅತಿ ದೊಡ್ಡದು. ತಲೆ ಎತ್ತಿ ಗೋಡೆಯ ಮೇಲಿನ ಕಲ್ಲಿನ ಬಳೆಗಳನ್ನು ನೋಡಿ ಹೊರಟುಬಿಡುವವರೇ ಹೆಚ್ಚು. ಕೆಳಗಿನ ಜಗಲಿಯ ಉಬ್ಬುಶಿಲ್ಪದ ಎದುರು ಹತ್ತು ನಿಮಿಷ ನಿಲ್ಲಿ. ಎರಡು ತಂಡಗಳು ಸಾಲಾಗಿ ಎದುರುಬದುರು ನಿಂತಿವೆ, ನಡುವೆ ಚೆಂಡು, ಆ ಚೆಂಡಿನೊಳಗೆ ಒಂದು ತಲೆಬುರುಡೆ. ಒಬ್ಬ ಆಟಗಾರನ ಕೈಯಲ್ಲಿ ಕತ್ತಿ ಮತ್ತು ಕತ್ತರಿಸಿದ ತಲೆ. ಎದುರಿನಲ್ಲಿ ಮಂಡಿಯೂರಿದವನ ಕೊರಳಿನಿಂದ ಚಿಮ್ಮಿದ ನೆತ್ತರು ಹಾವುಗಳಾಗಿ ಹೊರಳುತ್ತದೆ, ಅದರಲ್ಲೊಂದು ಧಾರೆ ಮಾತ್ರ ಬಳ್ಳಿಯಾಗಿ ಹಬ್ಬಿ ಹೂಬಿಟ್ಟಿದೆ.

ಉಳಿದ ಸಮಯದಲ್ಲಿ ದಯವಿಟ್ಟು ಉತ್ತರಕ್ಕೆ ನಡೆಯಿರಿ. ಸುಮಾರು 300 ಮೀಟರ್ ಉದ್ದದ ಹಳೆಯ ಮಾಯಾ ರಸ್ತೆಯ ಕೊನೆಯಲ್ಲಿ ಪವಿತ್ರ ಸೆನೋಟೆ ಇದೆ. ದಾರಿಯುದ್ದಕ್ಕೂ ಮುಖವಾಡ, ಬಟ್ಟೆ ಮಾರುವವರು ಕುಳಿತಿರುತ್ತಾರೆ, ಚಿರತೆಯನ್ನು ಹೋಲುವ ಜಾಗ್ವಾರ್‌ನ ಗರ್ಜನೆ ಹೊರಡಿಸುವ ಪೀಪಿಯ ಸದ್ದು ಕೇಳುತ್ತಲೇ ಇರುತ್ತದೆ. ಒಂದು ದಿನದ ಪ್ರವಾಸದವರು ಹೆಚ್ಚಾಗಿ ಬಿಟ್ಟುಬರುವುದು ಈ ಜಾಗವನ್ನೇ, ಆದರೆ ನಗರದ ಹೆಸರು ಹುಟ್ಟಿದ್ದು ಇಲ್ಲಿಂದ: ಇಟ್ಜಾ ಜನರ ಬಾವಿಯ ಬಾಯಿ ಎಂಬುದೇ ಚಿಚೆನ್ ಇಟ್ಜಾ. ಯುಕಟಾನಿನ ಉತ್ತರ ಭಾಗದಲ್ಲಿ ನೆಲದ ಮೇಲೆ ಹರಿಯುವ ನದಿಗಳೇ ಇಲ್ಲ. ನೀರು ಇದ್ದಲ್ಲಿ ಊರು, ಊರಿದ್ದಲ್ಲಿ ದೇಗುಲ. ದಕ್ಷಿಣದ ಕಡೆಗಿರುವ ಷ್ಟೋಲೋಕ್ ಎಂಬ ಇನ್ನೊಂದು ಸೆನೋಟೆ ದಿನಬಳಕೆಯ ನೀರು ಕೊಡುತ್ತಿತ್ತು. ಉತ್ತರದ್ದು ಪೂಜೆಗೆ ಮೀಸಲಾಗಿತ್ತು. ಮೆಕ್ಸಿಕೋದ ವಿಜ್ಞಾನಿಗಳು 2015ರಲ್ಲಿ ನೆಲದೊಳಗೆ ವಿದ್ಯುತ್ ಹಾಯಿಸಿ ಪರೀಕ್ಷಿಸಿದಾಗ ಕುಕುಲ್ಕಾನ್ ಪಿರಮಿಡ್ಡಿನ ಅಡಿಯಲ್ಲೂ ಒಂದು ಸೆನೋಟೆ ಇರುವ ಸೂಚನೆ ಸಿಕ್ಕಿತು. ದೇಗುಲ ಮತ್ತು ಕೊಳಗಳನ್ನು ಎರಡು ಬೇರೆ ಬೇರೆ ಆಕರ್ಷಣೆಗಳಾಗಿ, ಬೆಳಿಗ್ಗೆ ಇತಿಹಾಸ, ಮಧ್ಯಾಹ್ನ ಈಜು ಎಂದು ಜಾಹೀರಾತುಗಳು ಹಂಚಿಹಾಕುತ್ತವೆ. ನೀವು ಹಾಗೆ ನೋಡಬೇಡಿ ಎಂಬುದು ನನ್ನ ಕಳಕಳಿಯ ಕೋರಿಕೆ.

ಪ್ರಶ್ನೆ: ಪಿರಮಿಡ್ಡಿನ ಮೇಲೆ ಹತ್ತಬಹುದೇ? (ಡೊಂಬಿವಲಿ)

ಉತ್ತರ: ಚಿಚೆನ್ ಇಟ್ಜಾದಲ್ಲಿ ಇಲ್ಲ. 2006ರಲ್ಲಿ ಪ್ರವಾಸಿಯೊಬ್ಬರು ಮೆಟ್ಟಿಲಿನಿಂದ ಬಿದ್ದು ಮೃತಪಟ್ಟ ಮೇಲೆ ಹತ್ತುವುದನ್ನು ನಿಲ್ಲಿಸಲಾಗಿದೆ. ಅದಕ್ಕೆ ಬೇಸರಪಡಬೇಕಿಲ್ಲ. ಉತ್ತರದ ಮೆಟ್ಟಿಲುಗಳ ಎದುರು ನಿಂತು ಚಪ್ಪಾಳೆ ತಟ್ಟಿದರೆ ಹಿಂದಿರುಗುವ ಪ್ರತಿಧ್ವನಿ ಹಕ್ಕಿಯ ಕೂಗಿನಂತೆ ಕೇಳುತ್ತದೆ. ಮಾಯಾ ಜನರಿಗೆ ಪವಿತ್ರವಾಗಿದ್ದ ಕೆಟ್ಸಾಲ್ ಹಕ್ಕಿಯ ದನಿ ಎನ್ನುತ್ತಾರೆ.

ಪ್ರಶ್ನೆ: ನಾನು ಪುಣೆಯ ಸುತ್ತಲಿನ ಕೋಟೆ, ಗುಹೆಗಳನ್ನೆಲ್ಲ ಸುತ್ತಿದವನು. ನಮ್ಮ ಸಹ್ಯಾದ್ರಿಯಲ್ಲಿ ಇಷ್ಟು ಮಳೆ ಸುರಿದರೂ ಇಂತಹ ಕೊಳಗಳೇಕೆ ಆಗಿಲ್ಲ? ಸೆನೋಟೆಗಳು ಉಲ್ಕಾಪಾತದಿಂದ ಆದವು ಎಂಬುದು ನಿಜವೇ? (ಕೋಥ್ರೂಡ್, ಪುಣೆ)

ಉತ್ತರ: ಈ ಸಲದ ಪತ್ರಗಳಲ್ಲಿ ನನಗೆ ಅತ್ಯಂತ ಸಂತೋಷ ಕೊಟ್ಟ ಪ್ರಶ್ನೆ ಇದು. ಸಹ್ಯಾದ್ರಿ ಲಾವಾ ಹೆಪ್ಪುಗಟ್ಟಿ ಆದ ಬಸಾಲ್ಟ್ ಕಲ್ಲು. ಮಳೆನೀರು ಅದನ್ನು ಸವೆಸುತ್ತದೆ, ಸೀಳುತ್ತದೆ, ಆದರೆ ಕರಗಿಸಿ ಟೊಳ್ಳು ಮಾಡುವುದಿಲ್ಲ. ಯುಕಟಾನ್ ಪೂರ್ತಿ ಸುಣ್ಣಕಲ್ಲಿನ ಹಾಸು. ಗಾಳಿಯಿಂದಲೂ ಮಣ್ಣಿನಿಂದಲೂ ಇಂಗಾಲದ ಡೈಆಕ್ಸೈಡನ್ನು ಹೀರಿಕೊಂಡ ಮಳೆನೀರು ಸೌಮ್ಯ ಆಮ್ಲವಾಗಿ ಆ ಕಲ್ಲನ್ನು ಕರಗಿಸುತ್ತ ಇಳಿಯುತ್ತದೆ, ಒಳಗೆ ಸುರಂಗಗಳಾಗುತ್ತವೆ, ಎಂದೋ ಒಂದು ದಿನ ಸುರಂಗದ ಛಾವಣಿ ಕುಸಿದು ಆಕಾಶಕ್ಕೆ ಬಾಯಿ ತೆರೆಯುತ್ತದೆ. ಅದೇ ಸೆನೋಟೆ. ಹಿಮಯುಗದಲ್ಲಿ ಸಮುದ್ರಮಟ್ಟ ನೂರು ಮೀಟರಿಗೂ ಹೆಚ್ಚು ಕೆಳಗಿದ್ದಾಗ ಈ ಗುಹೆಗಳು ಒಣಗಿದ್ದವು. ಆಗ ಹನಿ ಹನಿಯಾಗಿ ಬೆಳೆದ ಸುಣ್ಣದ ತೂಗುಕಂಬಗಳು ಇಂದು ನೀರಿನಡಿ ನಿಂತಿವೆ. ಟುಲುಮ್ ಬಳಿಯ ಸಾಕ್ ಅಕ್ತುನ್ ಮತ್ತು ದೋಸ್ ಓಹೋಸ್ ಜಲಗುಹೆಗಳು ಒಂದಕ್ಕೊಂದು ಕೂಡಿವೆ ಎಂದು ಮುಳುಗುಗಾರರು 2018ರಲ್ಲಿ ಕಂಡುಕೊಂಡಾಗ, ಅಳೆದ ಉದ್ದವೇ 347 ಕಿಲೋಮೀಟರ್ ಆಗಿತ್ತು.

ಇನ್ನು ಉಲ್ಕೆಯ ವಿಷಯ. ಸುಮಾರು 6.6 ಕೋಟಿ ವರ್ಷಗಳ ಹಿಂದೆ ಯುಕಟಾನಿನ ಉತ್ತರ ತೀರದಲ್ಲಿ ಕ್ಷುದ್ರಗ್ರಹವೊಂದು ಅಪ್ಪಳಿಸಿ ಸುಮಾರು 180 ಕಿಲೋಮೀಟರ್ ವ್ಯಾಸದ ಕುಳಿ ಆಯಿತು. ಡೈನೋಸಾರ್‌ಗಳ ಅಳಿವಿಗೆ ಕಾರಣವಾದ ಚಿಕ್ಷುಲುಬ್ ಕುಳಿ ಇದೇ. ಆ ಕುಳಿ ಈಗ ನೂರಾರು ಮೀಟರ್ ಸುಣ್ಣಕಲ್ಲಿನ ಅಡಿ ಹೂತುಹೋಗಿದೆ, ಆದರೆ ಅದರ ಅಂಚಿನ ಮೇಲಿನ ಕಲ್ಲು ಬಿರುಕುಬಿಟ್ಟಿದ್ದರಿಂದ ಸೆನೋಟೆಗಳು ಅರ್ಧವೃತ್ತಾಕಾರದಲ್ಲಿ ಸಾಲುಗಟ್ಟಿವೆ. ಮೆರಿದಾ ನಗರದ ಕಡೆಯ ಅನೇಕ ಕೊಳಗಳು ಈ ಸಾಲಿಗೆ ಸೇರಿದವು. ಚಿಚೆನ್ ಇಟ್ಜಾ ಮತ್ತು ಟುಲುಮ್ ಕಡೆಯವು ಸೇರುವುದಿಲ್ಲ, ಅವು ವೃತ್ತದ ಹೊರಗಿವೆ. ಎಲ್ಲ ಸೆನೋಟೆಗಳನ್ನೂ ಉಲ್ಕೆಯೇ ಕೊರೆಯಿತು ಎಂದು ಬಸ್ಸಿನಲ್ಲಿ ಯಾರಾದರೂ ಹೇಳಿದರೆ ಅದನ್ನು ನಂಬಬೇಡಿ.

ನಿಮ್ಮ ಸಹ್ಯಾದ್ರಿಗೂ ಈ ಕಥೆಯಲ್ಲಿ ಪಾಲಿದೆ. ದಖ್ಖನಿನ ಮಹಾ ಲಾವಾಪ್ರವಾಹ ನಡೆದದ್ದೂ ಹೆಚ್ಚುಕಡಿಮೆ ಅದೇ 6.6 ಕೋಟಿ ವರ್ಷಗಳ ಹಿಂದೆ. ಜೀವಸಂಕುಲದ ಅಳಿವಿನಲ್ಲಿ ಲಾವಾದ ಪಾಲೆಷ್ಟು, ಆ ಆಘಾತ ಭೂಮಿಯ ಇನ್ನೊಂದು ಬದಿಯ ಲಾವಾ ಉಕ್ಕುವುದನ್ನು ಹೆಚ್ಚಿಸಿತೇ ಎಂಬ ಚರ್ಚೆ ಭೂವಿಜ್ಞಾನಿಗಳ ನಡುವೆ ಇಂದಿಗೂ ನಡೆದಿದೆ. ನೀವು ಹತ್ತಿ ಇಳಿಯುವ ಸಿಂಹಗಡದ ಕಲ್ಲು ಮತ್ತು ನೀವು ಹೋಗಿ ನೋಡಬೇಕೆಂದಿರುವ ಮೆರಿದಾದ ಕೊಳಗಳ ಸಾಲು, ಎರಡೂ ಭೂಮಿಯ ಚರಿತ್ರೆಯ ಒಂದೇ ಘಟ್ಟಕ್ಕೆ ಕೊಂಡಿಯಾಗಿವೆ.

ಪ್ರಶ್ನೆ: ಜೊತೆಗೆ ಅತ್ತೆಯವರು ಬರುತ್ತಾರೆ, ಅವರಿಗೆ 68 ವರ್ಷ, ಈಜು ಬಾರದು. ನನಗೂ ಕಲಿತದ್ದು ದಾದರಿನ ಈಜುಕೊಳದಲ್ಲಿ ಮಾತ್ರ. ಸೆನೋಟೆ ಅಪಾಯವೇ? (ವಾಶಿ)

ಉತ್ತರ: ಎಚ್ಚರವಿದ್ದರೆ ಅಪಾಯವಿಲ್ಲ. ಆದರೆ ಇಲ್ಲಿ ಕಾಲಿಗೆ ನೆಲ ಸಿಗುವುದಿಲ್ಲ ಎಂಬುದನ್ನು ಮೊದಲೇ ಮನಸ್ಸಿಗೆ ತಂದುಕೊಳ್ಳಿ. ಚಿಚೆನ್ ಇಟ್ಜಾದಿಂದ 3 ಕಿಲೋಮೀಟರ್ ದೂರದ ಇಕ್ ಕಿಲ್ ಸೆನೋಟೆಗೆ ಹೆಚ್ಚಿನ ಪ್ರವಾಸಗಳು ಕರೆದೊಯ್ಯುತ್ತವೆ. ಅದರ ನೀರು ನೆಲಮಟ್ಟದಿಂದ ಸುಮಾರು 26 ಮೀಟರ್ ಕೆಳಗಿದೆ, ನೀರಿನ ಆಳ 40 ಮೀಟರಿಗೂ ಹೆಚ್ಚು. ಕಲ್ಲಿನ ಮೆಟ್ಟಿಲುಗಳು ಒದ್ದೆಯಾಗಿರುತ್ತವೆ, ಮಂಡಿನೋವಿದ್ದವರಿಗೆ ಈಜಿಗಿಂತ ಈ ಇಳಿಜಾರೇ ಕಷ್ಟ. ತೇಲುವ ಜಾಕೆಟ್ ಅಲ್ಲಿ ಕಡ್ಡಾಯ. ಜಾಕೆಟ್ ತೊಟ್ಟು ಅಂಗಾತ ಮಲಗಿದರೆ ನೀರೇ ನಿಮ್ಮನ್ನು ಹೊತ್ತುಕೊಳ್ಳುತ್ತದೆ. ಮೇಲೆ ದುಂಡನೆಯ ಆಕಾಶ, ಅದರ ಅಂಚಿನಿಂದ ನೀರಿನವರೆಗೂ ಇಳಿಬಿದ್ದ ಬೇರು, ಬಳ್ಳಿಗಳು. ಕಾಲ ಬಳಿ ಸಣ್ಣ ಕಪ್ಪು ಮೀಸೆಮೀನುಗಳು ಸುಳಿಯುತ್ತವೆ, ಏನೂ ಮಾಡುವುದಿಲ್ಲ. ನೀರು ವರ್ಷವಿಡೀ 24, 25 ಡಿಗ್ರಿ ಇರುತ್ತದೆ, ಬಿಸಿಲಿನಿಂದ ಇಳಿದವರಿಗೆ ಮೊದಲು ನಡುಕ ಬರುತ್ತದೆ, ಆದ್ದರಿಂದ ಹಾರಬೇಡಿ, ಏಣಿ ಹಿಡಿದು ಇಳಿಯಿರಿ. ಅತ್ತೆಯವರಿಗೆ ಹೃದಯದ ತೊಂದರೆ ಇದ್ದರೆ ವೈದ್ಯರನ್ನು ಕೇಳಿಯೇ ಹೊರಡಿ. ನೀರಿಗಿಳಿಯದಿದ್ದರೂ, ಮೇಲಿನ ಕಟ್ಟೆಯಿಂದ ನೋಡುವುದೂ ಆ ದಿನಕ್ಕೆ ಸಾಕಾದ ಅನುಭವವೇ. ಗುಹೆಯಂತಿರುವ ಸೆನೋಟೆಗಳಲ್ಲಿ ಹಗ್ಗ ಕಟ್ಟಿದ ಗಡಿಯನ್ನು ಮಾತ್ರ ಯಾರೂ ದಾಟಬಾರದು; ಒಳಗಿನ ಸುರಂಗಗಳಲ್ಲಿ ತರಬೇತಿ ಪಡೆದ ಮುಳುಗುಗಾರರೇ ಪ್ರಾಣ ಕಳೆದುಕೊಂಡಿದ್ದಾರೆ.

ಪ್ರಶ್ನೆ: ನೀರಿಗಿಳಿಯುವ ಮುನ್ನ ಸ್ನಾನ ಮಾಡಿಸುತ್ತಾರೆ, ಸನ್‌ಸ್ಕ್ರೀನ್ ತೊಳೆಸುತ್ತಾರೆ ಎಂದು ಕೇಳಿದೆ. ನಮ್ಮ ಗೋವೆಯ ಕಡಲಿನಲ್ಲಿ ಇಂತಹ ಕಟ್ಟುಪಾಡು ಇಲ್ಲವಲ್ಲ? (ಮಡಗಾಂವ್, ಗೋವೆ)

ಉತ್ತರ: ಕಡಲು ಬೇರೆ, ಇದು ಬೇರೆ. ನೀವು ಈಜುವುದು ಆ ಪ್ರದೇಶದ ಜನ ಕುಡಿಯುವ ಅಂತರ್ಜಲದಲ್ಲೇ. ಸುಣ್ಣಕಲ್ಲು ನೀರನ್ನು ಸೋಸದೆ ಸುರಂಗಗಳ ಮೂಲಕ ಊರಿಂದ ಊರಿಗೆ ಸಾಗಿಸುತ್ತದೆ, ಕೊನೆಗೆ ಅದು ಕೆರಿಬಿಯನ್ ತೀರದ ಹವಳದ ದಿಬ್ಬಗಳನ್ನು ಸೇರುತ್ತದೆ. ಮೈಗೆ ಹಚ್ಚಿದ ಎಣ್ಣೆ, ಸೊಳ್ಳೆಯ ಔಷಧಿ ಎಲ್ಲವೂ ಅದರೊಂದಿಗೆ ಹೋಗುತ್ತವೆ. ಈಗಾಗಲೇ ಹೋಟೆಲುಗಳ ಕೊಳಚೆ ನೀರಿನಿಂದ, 2023ರ ಡಿಸೆಂಬರಿನಲ್ಲಿ ಓಡಾಟ ಆರಂಭಿಸಿದ ಮಾಯಾ ರೈಲಿಗಾಗಿ ಗುಹೆಗಳ ಮೂಲಕ ಇಳಿಸಿದ ಉಕ್ಕಿನ ಕಂಬಗಳಿಂದ ಈ ಜಲಮೂಲಕ್ಕೆ ಕುತ್ತು ಬಂದಿದೆ ಎಂದು ಅಲ್ಲಿನ ಪರಿಸರವಾದಿಗಳು ಹೋರಾಡುತ್ತಿದ್ದಾರೆ. ಬೆಳಿಗ್ಗೆ ಸನ್‌ಸ್ಕ್ರೀನ್ ಹಚ್ಚುವ ಬದಲು ಉದ್ದ ತೋಳಿನ ಹತ್ತಿ ಅಂಗಿ, ಅಗಲ ಅಂಚಿನ ಟೋಪಿ ಧರಿಸಿ ಹೋಗುವುದು ಒಳ್ಳೆಯದು. ಮುಂಬಯಿ, ಗೋವೆಯ ಬಿಸಿಲು ಕಂಡವರಿಗೆ ಅಷ್ಟು ಸಾಕು.

ಪ್ರಶ್ನೆ: ಈ ಬಾವಿಗಳಲ್ಲಿ ನರಬಲಿ ಕೊಡುತ್ತಿದ್ದರಂತೆ. ಅಂತಹ ನೀರಿನಲ್ಲಿ ಈಜುವುದು ಸರಿಯೇ? ಮತ್ತು ಆ ಜನ ಹೇಗೆ ಕಣ್ಮರೆಯಾದರು? (ಘಾಟ್ಕೋಪರ್)

ಉತ್ತರ: ಬಲಿಯ ಬಾವಿಯಾದ ಚಿಚೆನ್ ಇಟ್ಜಾದ ಪವಿತ್ರ ಸೆನೋಟೆಯಲ್ಲಿ ಈಜಲು ಬಿಡುವುದಿಲ್ಲ, ಕಟ್ಟೆಯಿಂದ ನೋಡಬಹುದು ಅಷ್ಟೆ. ಎಡ್ವರ್ಡ್ ಥಾಂಪ್ಸನ್ ಎಂಬ ಅಮೆರಿಕನ್ನರು 1904ರಿಂದ ಆ ಸೆನೋಟೆಯನ್ನು ಯಂತ್ರದಿಂದ ಜಾಲಾಡಿಸಿ ಚಿನ್ನ, ಹಸಿರು ಜೇಡ್ ಕಲ್ಲು, ಧೂಪದ ಉಂಡೆ ಮತ್ತು ಮನುಷ್ಯರ ಎಲುಬುಗಳನ್ನು ಹೊರತೆಗೆದರು. ಬಹಳಷ್ಟು ವಸ್ತುಗಳು ಹಾರ್ವರ್ಡ್‌ನ ಪೀಬಾಡಿ ಸಂಗ್ರಹಾಲಯ ಸೇರಿದವು, ಕೆಲವು ಮಾತ್ರ ಅನೇಕ ವರ್ಷಗಳ ನಂತರ ಮೆಕ್ಸಿಕೋಗೆ ಮರಳಿದವು. ಆ ಸೆನೋಟೆಯ ಸಮೀಪದ ನೆಲಮಾಳಿಗೆಯೊಂದರಲ್ಲಿ 1967ರಲ್ಲಿ ಸಿಕ್ಕ ಎಲುಬುಗಳ ವಂಶವಾಹಿ ಪರೀಕ್ಷೆಯ ಫಲಿತಾಂಶ 2024ರಲ್ಲಿ ಪ್ರಕಟವಾಯಿತು: ಪರೀಕ್ಷಿಸಿದ 64 ಮಕ್ಕಳೂ ಗಂಡುಮಕ್ಕಳು, ಹಲವರು ಹತ್ತಿರದ ಸಂಬಂಧಿಗಳು, ಎರಡು ಜೋಡಿ ಅವಳಿಗಳೂ ಇದ್ದರು. ಕನ್ಯೆಯರನ್ನೇ ಬಾವಿಗೆ ತಳ್ಳುತ್ತಿದ್ದರು ಎಂಬ ಪ್ರಚಲಿತ ಕಥೆಗೆ ಇದರಲ್ಲಿ ಬೆಂಬಲವಿಲ್ಲ. ಮಳೆಯನ್ನೇ ನಂಬಿದ್ದ ನಾಡಿನಲ್ಲಿ ಮಳೆದೇವರಾದ ಚಾಕ್‌ಗೆ ಜನ ತಮಗೆ ಅತ್ಯಂತ ಪ್ರಿಯವಾದದ್ದನ್ನು ಅರ್ಪಿಸಿದರು ಎಂಬುದನ್ನು ತಿಳಿದಾಗ ಮನಸ್ಸಿಗೆ ನೋವಾಗುತ್ತದೆ, ಆಗಲೇಬೇಕು; ರೋಚಕ ಕಥೆಯಾಗಿ ಅದನ್ನು ಕೇಳಬಾರದು.

ಆ ಜನ ಕಣ್ಮರೆಯಾಗಿಲ್ಲ. ದಕ್ಷಿಣದ ಅನೇಕ ನಗರಗಳು ಒಂಬತ್ತನೆಯ ಶತಮಾನದಲ್ಲಿ ಪಾಳುಬಿದ್ದವು, ಅದಕ್ಕೆ ದೀರ್ಘ ಬರಗಾಲವೂ ಯುದ್ಧಗಳೂ ಕಾರಣವೆನ್ನುತ್ತಾರೆ, ಜನ ಉಳಿದರು. 1562ರಲ್ಲಿ ಮನಿ ಎಂಬ ಊರಿನಲ್ಲಿ ಸ್ಪೇನಿನ ಪಾದ್ರಿ ದಿಯೆಗೊ ದೆ ಲಾಂದಾ ಮಾಯಾ ಜನರ ಪುಸ್ತಕಗಳನ್ನು ರಾಶಿ ಹಾಕಿ ಸುಟ್ಟರು, ಇಂದು ಉಳಿದಿರುವ ಮಾಯಾ ಹಸ್ತಪ್ರತಿಗಳು ನಾಲ್ಕೇ ನಾಲ್ಕು. ಆದರೂ ಮೆಕ್ಸಿಕೋದಲ್ಲಿ ಏಳು ಲಕ್ಷಕ್ಕೂ ಹೆಚ್ಚು ಜನ ಯುಕಟಾನಿನ ಮಾಯಾ ಭಾಷೆಯನ್ನು ಇಂದಿಗೂ ಮನೆಯಲ್ಲಿ ಆಡುತ್ತಾರೆ. ನಿಮ್ಮ ಬಸ್ಸಿನ ಮಾರ್ಗದರ್ಶಿ, ಚಾಲಕ, ಊಟ ಬಡಿಸುವವರು ಅವರಲ್ಲಿ ಒಬ್ಬರಿರಬಹುದು. ಮರಾಠಿ, ಹಿಂದಿಗಳ ನಡುವೆ ಮಕ್ಕಳಿಗೆ ಕನ್ನಡ ಕಲಿಸುವ ನಾವು ಅವರೊಂದಿಗೆ ಮಾತನಾಡಲು ವಿಷಯ ಹುಡುಕಬೇಕಾಗಿಲ್ಲ.

ಪ್ರಶ್ನೆ: ನಾವು ಶುದ್ಧ ಸಸ್ಯಾಹಾರಿಗಳು. ಊಟ ಕಟ್ಟಿಕೊಂಡು ಹೋಗಬೇಕೇ? (ಚಿಂಚವಡ)

ಉತ್ತರ: ಸ್ವಲ್ಪ ಕಟ್ಟಿಕೊಳ್ಳಿ. ಮೆಕ್ಕೆಜೋಳದ ರೊಟ್ಟಿಯಾದ ಟೋರ್ತಿಯಾ, ಅನ್ನ, ಬೀನ್ಸ್ ಕಾಳು ಎಲ್ಲೆಡೆ ಸಿಗುತ್ತವೆ, ಆದರೆ ಬೀನ್ಸ್ ಕಾಳನ್ನು ಹಲವೆಡೆ ಹಂದಿಯ ಕೊಬ್ಬಿನಲ್ಲೂ ಅನ್ನವನ್ನು ಕೋಳಿಯ ಸಾರಿನಲ್ಲೂ ಬೇಯಿಸುತ್ತಾರೆ. "ಸಿನ್ ಕಾರ್ನೆ, ಸಿನ್ ಮಾಂತೇಕಾ", ಅಂದರೆ ಮಾಂಸ ಬೇಡ, ಕೊಬ್ಬು ಬೇಡ ಎಂದು ಬರೆದಿಟ್ಟುಕೊಂಡು ತೋರಿಸಿ. ಹುರಿದ ಕುಂಬಳಬೀಜ ಮತ್ತು ಟೊಮೆಟೊ ಅರೆದು ಮಾಡುವ ಸಿಕಿಲ್ ಪಾಕ್ ಅಲ್ಲಿನ ಹಳೆಯ ಮಾಯಾ ಅಡುಗೆ. ಉತ್ತರ ಕರ್ನಾಟಕದವರಿಗೆ ಅದು ಗುರೆಳ್ಳು ಚಟ್ನಿಯ ದೂರದ ನೆಂಟನಂತೆ ರುಚಿಸುತ್ತದೆ. ಹಬನೇರೊ ಮೆಣಸಿನ ಸಾಸನ್ನು ಮಾತ್ರ ತುದಿನಾಲಿಗೆಯಲ್ಲಿ ಪರೀಕ್ಷಿಸಿದ ನಂತರವೇ ಹಾಕಿಕೊಳ್ಳಿ.

ಪ್ರಶ್ನೆ: ವೀಸಾ? (ಠಾಣೆ)

ಉತ್ತರ: ಅಮೆರಿಕ, ಕೆನಡಾ, ಬ್ರಿಟನ್, ಜಪಾನ್ ಅಥವಾ ಷೆಂಗೆನ್ ದೇಶಗಳ ಚಾಲ್ತಿಯಲ್ಲಿರುವ ವೀಸಾ ಇದ್ದರೆ ಭಾರತೀಯ ಪ್ರವಾಸಿಗರಿಗೆ ಮೆಕ್ಸಿಕೋದ ಪ್ರತ್ಯೇಕ ವೀಸಾ ಬೇಕಿಲ್ಲ. ಅಮೆರಿಕದಿಂದ ಹೋಗಿ ಅಲ್ಲಿಗೇ ಮರಳುವವರು ತಮ್ಮ ವೀಸಾ ಹಲವು ಬಾರಿ ಪ್ರವೇಶಕ್ಕೆ ಅವಕಾಶ ಕೊಡುತ್ತದೆಯೇ ಎಂದು ನೋಡಿಕೊಳ್ಳಬೇಕು. ನಿಯಮಗಳು ಬದಲಾಗುವುದುಂಟು, ಆದ್ದರಿಂದ ಟಿಕೆಟ್ ಕಾದಿರಿಸುವ ಮೊದಲು ದೆಹಲಿಯ ಮೆಕ್ಸಿಕೋ ರಾಯಭಾರ ಕಚೇರಿಯ ಪ್ರಕಟಣೆಯನ್ನು ಓದಿ.

ಪ್ರಶ್ನೆ: ಮೆಟ್ಟಿಲ ಮೇಲೆ ಹಾವು ಇಳಿಯುವ ನೆರಳನ್ನು ನೋಡಲು ಮಾರ್ಚ್‌ನಲ್ಲೇ ಹೋಗಬೇಕೇ? (ವಾಸ್ಕೋ, ಗೋವೆ)

ಉತ್ತರ: ಮಾರ್ಚ್ ಮತ್ತು ಸೆಪ್ಟೆಂಬರಿನ ವಿಷುವದ ಸಂಜೆಗಳಲ್ಲಿ ಪಿರಮಿಡ್ಡಿನ ಅಂತಸ್ತುಗಳ ನೆರಳು ಉತ್ತರದ ಮೆಟ್ಟಿಲ ಪಕ್ಕದ ಗೋಡೆಯ ಮೇಲೆ ಬೆಳಕಿನ ತ್ರಿಕೋನಗಳಾಗಿ ಬಿದ್ದು, ಬುಡದಲ್ಲಿರುವ ಕಲ್ಲಿನ ಹಾವಿನ ತಲೆಯನ್ನು ಕೂಡುತ್ತದೆ. ಅದಕ್ಕಾಗಿ ಸಾವಿರಾರು ಜನ ಸೇರುತ್ತಾರೆ. ಸಾಧಾರಣ ಒಂದು ದಿನದ ಪ್ರವಾಸಗಳು ಅಷ್ಟು ಹೊತ್ತು ಅಲ್ಲಿರುವುದಿಲ್ಲ, ಮಧ್ಯಾಹ್ನವೇ ಸೆನೋಟೆಗೆ ಹೊರಟುಬಿಡುತ್ತವೆ. ಹವಾಮಾನಕ್ಕೆ ಡಿಸೆಂಬರಿನಿಂದ ಫೆಬ್ರವರಿವರೆಗಿನ ಕಾಲ ಒಳ್ಳೆಯದು. ಏಪ್ರಿಲ್, ಮೇ ತಿಂಗಳಲ್ಲಿ ಸೆಕೆ, ಜೂನ್‌ನಿಂದ ನವೆಂಬರ್‌ವರೆಗೆ ಚಂಡಮಾರುತದ ಋತು. ನೆರಳನ್ನು ನೋಡಲೇಬೇಕೆಂದಿದ್ದರೆ 21ರ ಜನಜಂಗುಳಿಯನ್ನು ತಪ್ಪಿಸಿ ಒಂದೆರಡು ದಿನ ಹಿಂದೆ ಮುಂದೆ ಹೋಗಿ, ಆಗಲೂ ಅದು ಕಾಣುತ್ತದೆ. ಕಾನ್ಕುನ್‌ನಿಂದ ಹೋಗಿಬರುವ ಬದಲು ಸುಮಾರು 45 ಕಿಲೋಮೀಟರ್ ದೂರದ ವಾಯಾದೊಲಿದ್‌ನಲ್ಲಿ ಒಂದು ರಾತ್ರಿ ತಂಗಿದರೆ ಸಂಜೆ ಬಾಗಿಲು ಮುಚ್ಚುವವರೆಗೂ ಇರಬಹುದು, ಮರುದಿನ ಬೆಳಿಗ್ಗೆ ಪಟ್ಟಣದ ನಡುವೆಯೇ ಇರುವ ಸಸೀ ಸೆನೋಟೆಯಲ್ಲಿ ಗುಂಪು ಸೇರುವ ಮೊದಲು ಈಜಬಹುದು.